ನಿರ್ದೇಶಕ ಪ್ಯೋ ಅವರ ಅಳು

ಮೈಕು ಒಮ್ಮೆ ಕೈಗೆ ಸಿಕ್ಕಿತೆಂದರೆ ಪ್ಯೋ ಕ್ವಾಂಗಿಲ್ ಅದನ್ನು ಸುಲಭಕ್ಕೆ ಬಿಟ್ಟುಕೊಡುವ ಆಸಾಮಿಯಲ್ಲ. ಸಿನಿಮಾ ಮುಗಿದು ದೀಪ ಹತ್ತಿ ಬಹಳ ಹೊತ್ತಾಗಿತ್ತು. ಕೊರಿಯಾದ ಸೋಲ್ ನಗರದ ಆ ಪುಟ್ಟ ಚಿತ್ರಮಂದಿರದಲ್ಲಿ ಜನ ಚಳಿಯ ಕೋಟುಗಳನ್ನು ತೊಡೆಯ ಮೇಲೆ ಹಾಕಿಕೊಂಡು, ಪರೀಕ್ಷೆಗೆ ಕೂತವರ ಗಾಂಭೀರ್ಯದಲ್ಲಿ ಕೇಳುತ್ತಿದ್ದರು. ಪರದೆಯ ಮುಂದೆ ಹಾಕಿದ್ದ ಕುರ್ಚಿಯಲ್ಲಿ ಪ್ಯೋ ಕಾಲ ಮೇಲೆ ಕಾಲು ಹಾಕಿ ಕುಳಿತಿದ್ದ. ಪಕ್ಕದ ಕುರ್ಚಿಯಲ್ಲಿ ಆ ಸಿನಿಮಾದ ನಟಿ ಸೊರಾನ್, ಯಾರೋ ಕೊಟ್ಟ ಹೂವಿನ ಗುಚ್ಛವನ್ನು ಎಲ್ಲಿಡಬೇಕೆಂದು ತಿಳಿಯದೆ ಮಡಿಲಲ್ಲಿಟ್ಟುಕೊಂಡು ಕುಳಿತಿದ್ದಳು.

ಕಾಲೇಜಿನ ಹುಡುಗಿಯೊಬ್ಬಳು ಎದ್ದು ನಿಂತು ಕೇಳಿದಳು: "ಕೊನೇಲಿ ಹೊಲದ ಮಧ್ಯೆ ನಿಂತ್ಕೊಂಡು ಅಳೋ ಸೀನ್ ಇದೆಯಲ್ಲ, ಅದನ್ನ ಹೇಗೆ ಮಾಡಿದ್ರಿ ಅಂತ ನಟಿಯವರನ್ನ ಕೇಳ್ಬೇಕಿತ್ತು."

ಸೊರಾನ್ ಬಾಯಿ ತೆರೆಯುವ ಮೊದಲೇ ಪ್ಯೋ ನಕ್ಕ. "ಅದನ್ನ ನಾನೇ ಹೇಳ್ತೀನಿ. ಯಾಕಂದ್ರೆ ಆ ಅಳು ನನ್ನದು."

ಸಭೆ ಕುತೂಹಲದಿಂದ ಮುಂದಕ್ಕೆ ಬಾಗಿತು.

"ಬೆಳಿಗ್ಗೆಯಿಂದ ಇವಳು ಅಳ್ತಾ ಇದ್ಲು. ಆದ್ರೆ ಅದು ನಟಿಯ ಅಳು. ನನಗೆ ಬೇಕಾಗಿದ್ದು ಮನುಷ್ಯರ ಅಳು. ಬಿಸಿಲು ಬೇರೆ ಇಳೀತಿತ್ತು. ಹತ್ರ ಹೋಗಿ ಮೆಲ್ಲಗೆ ಹೇಳಿದೆ, ನಿಮ್ಮಮ್ಮ ಅಂಗಡೀಲಿ ಕುಸಿದು ಬಿದ್ರಂತೆ, ಆಸ್ಪತ್ರೆಗೆ ಕರ್ಕೊಂಡ್ ಹೋಗಿದಾರಂತೆ, ಇದೊಂದು ಷಾಟ್ ಕೊಟ್ಟು ಹೊರಡು ಅಂತ." ಅವನು ಸ್ವಲ್ಪ ನಿಲ್ಲಿಸಿದ. ಎಲ್ಲಿ ನಿಲ್ಲಿಸಬೇಕೆಂಬುದು ಅವನಿಗೆ ಗೊತ್ತಿತ್ತು. "ಆಮೇಲೆ ನೀವು ನೋಡಿದ್ದೇ ಅದು."

ಮೊದಲು ಒಬ್ಬರೋ ಇಬ್ಬರೋ ನಕ್ಕರು, ಆಮೇಲೆ ಎಲ್ಲರೂ. ಪ್ಯೋ ಮೈಕನ್ನು ಅವಳ ಕಡೆ ಚಾಚಿದ. "ಹೇಳು ಸೊರಾನ್, ನೆನಪಿದೆ ತಾನೇ?"

"ನೆನಪಿದೆ," ಎಂದಳು ಅವಳು. "ಅಮ್ಮ ಚೆನ್ನಾಗಿದಾರೆ."

ಜನ ಇನ್ನೂ ಜೋರಾಗಿ ನಕ್ಕರು, ಚಪ್ಪಾಳೆ ತಟ್ಟಿದರು. ಸೊರಾನ್ ಕೂಡ ನಕ್ಕಳು. ಅವತ್ತು ಹೊಲದಲ್ಲೂ ಹೀಗೇ ಆಗಿತ್ತು. ಷಾಟ್ ಮುಗಿದ ಮೇಲೆ ಅವಳು ಅಮ್ಮನಿಗೆ ಫೋನ್ ಮಾಡಿದ್ದಳು. ಆ ಕಡೆ ಮೂಲಂಗಿಗೆ ಖಾರ ಕಲಸುತ್ತಿದ್ದ ಅಮ್ಮ, "ಕೈಯೆಲ್ಲ ಖಾರ, ಈಗೇನು ಬಂತು ನಿನಗೆ?" ಎಂದು ಬೈದು ಫೋನ್ ಇಟ್ಟಿದ್ದರು. ಸುತ್ತ ನಿಂತ ತಂಡದವರು ಚಪ್ಪಾಳೆ ತಟ್ಟುತ್ತಿದ್ದರು. ಅವರೆದುರು ಬಿಕ್ಕುತ್ತ ನಿಂತರೆ ತಾನೇ ಹಾಸ್ಯಾಸ್ಪದವಾಗುತ್ತೇನೆಂದು ಅವಳೂ ಕಣ್ಣೊರೆಸಿಕೊಂಡು ನಕ್ಕಿದ್ದಳು. ಪ್ಯೋ ಮಾಡಿದ್ದನ್ನು ಅವಳು ಎಂದಾದರೂ ಮರೆಯುತ್ತಿದ್ದಳೇನೋ. ತನ್ನ ಆ ನಗು ಮಾತ್ರ ಹಲ್ಲಿನ ಸಂದಿಯ ಮೀನಿನ ಮುಳ್ಳಿನಂತೆ ಉಳಿದುಕೊಂಡಿತು.

ಪತ್ರಿಕೆಗಳು ಅವಳನ್ನು 'ಸ್ವತಂತ್ರ ಸಿನಿಮಾದ ಮುಖ' ಎಂದು ಬರೆಯುತ್ತಿದ್ದವು. ಮುಖ ಎಂದಿದ್ದೇನೋ ಸರಿ, ಆದರೆ ಆ ಸಿನಿಮಾಗಳಲ್ಲಿ ಹೆಚ್ಚಾಗಿ ಕಾಣುತ್ತಿದ್ದದ್ದು ಅವಳ ಬೆನ್ನು. ಅವಳು ಸೇತುವೆಯ ಮೇಲೆ ನಡೆಯುತ್ತಿದ್ದಳು. ನದಿಯ ದಂಡೆಯಲ್ಲಿ ನಡೆಯುತ್ತಿದ್ದಳು. ಅಕ್ಕಿ ತೊಳೆಯುತ್ತಿದ್ದಳು, ಬಸ್ಸಿನ ಕಿಟಕಿಯಿಂದ ಹೊರಗೆ ನೋಡುತ್ತಿದ್ದಳು, ಮತ್ತೆ ಇಳಿದು ನಡೆಯುತ್ತಿದ್ದಳು. ಮಾತಿಲ್ಲದ ಹೆಂಗಸೆಂದರೆ ಆಳವಾದ ಹೆಂಗಸು ಎಂದು ಸಿನಿಮಾ ತೆಗೆಯುವ ಈ ಗಂಡಸರಿಗೆಲ್ಲ ಯಾರು ಹೇಳಿಕೊಟ್ಟಿದ್ದರೋ! ಸ್ಕ್ರಿಪ್ಟು ಕೈಗೆ ಬಂದಾಗ ಅವಳ ಪಾತ್ರಕ್ಕೆ ಹೆಸರೂ ಇರುತ್ತಿರಲಿಲ್ಲ. 'ಹೆಂಗಸು ಮೌನವಾಗಿ ಅವನನ್ನು ನೋಡುತ್ತಾಳೆ.' ಅವನು ಮಾತ್ರ ಪುಟಗಟ್ಟಲೆ ಮಾತಾಡುತ್ತಿದ್ದ. ಸೋಜು ಸಾರಾಯಿ ಕುಡಿಯುತ್ತ, ಕಲೆಯ ಬಗ್ಗೆ, ತನ್ನ ಒಂಟಿತನದ ಬಗ್ಗೆ. ಎಲ್ಲ ಸಿನಿಮಾದಲ್ಲೂ ಅವನೊಬ್ಬ ನಿರ್ದೇಶಕನೇ ಆಗಿರುತ್ತಿದ್ದ.

ಮಂಗ್‌ವೊನ್ ಮಾರುಕಟ್ಟೆಯಲ್ಲಿ ಅನ್ನಕ್ಕೆ ನೆಂಚಿಕೊಳ್ಳುವ ಪಲ್ಯ, ಕಿಮ್ಚಿ ಉಪ್ಪಿನಕಾಯಿ ಮಾರುತ್ತಿದ್ದ ಅವಳ ಅಮ್ಮ ಮಗಳ ಸಿನಿಮಾಗಳನ್ನೆಲ್ಲ ತಪ್ಪದೆ ನೋಡುತ್ತಿದ್ದರು, ತಪ್ಪದೆ ನಿದ್ದೆ ಮಾಡುತ್ತಿದ್ದರು.

"ಅಲ್ವೇ, ನಿಮ್ ಸಿನಿಮಾದಲ್ಲಿ ಊಟಕ್ಕೆ ಕೂತೋರು ಒಬ್ರೂ ಪೂರ್ತಿ ಊಟ ಮಾಡಲ್ವಲ್ಲ. ಎರಡು ತುತ್ತು ತಿಂತಾರೆ, ಕಿಟಕಿ ನೋಡ್ತಾರೆ, ಎದ್ದು ಹೋಗ್ತಾರೆ. ಆ ಅನ್ನ ಯಾರು ತಿಂತಾರೆ ಆಮೇಲೆ?"

"ತಂಡದವರು ತಿಂತಾರೆ ಅಮ್ಮ."

"ಅವರ ಬಗ್ಗೆ ಸಿನಿಮಾ ತೆಗೀರಿ. ಹಸಿದೋರಾದ್ರೂ ಕಾಣ್ತಾರೆ."

ಸೊರಾನ್ ಬರೆಯಲು ಶುರು ಮಾಡಿದ್ದು ಯಾವ ಸ್ಫೂರ್ತಿಯಿಂದಲೂ ಅಲ್ಲ, ಹೊಟ್ಟೆಯುರಿಯಿಂದ. ಚಿತ್ರೀಕರಣದ ಜಾಗದಲ್ಲಿ ಬೆಳಕು ಹೊಂದಿಸುವವರೆಗೆ ಕಾಯುತ್ತ ಕೂತಾಗ, ಸ್ಕ್ರಿಪ್ಟಿನಲ್ಲಿ 'ಹೆಂಗಸು ಮೌನವಾಗಿ ನೋಡುತ್ತಾಳೆ' ಎಂದಿದ್ದ ಕಡೆಯಲ್ಲೆಲ್ಲ ಅವಳು ಏನು ಹೇಳಬಹುದಿತ್ತೆಂದು ಅಂಚಿನಲ್ಲಿ ಗೀಚುತ್ತಿದ್ದಳು. 'ನಿನ್ನ ಕಾಲುಚೀಲ ವಾಸನೆ ಬರ್ತಿದೆ.' 'ಈ ಕಥೆ ಹೋದ ವಾರಾನೂ ಹೇಳಿದ್ದೆ.' ಪಕ್ಕದಲ್ಲಿ ಕೂತು ಅದನ್ನು ಓದಿದ ಕ್ಯಾಮೆರಾದ ಹುಡುಗಿ ಮಿರು ಮೂಗಿನಿಂದ ಕಾಫಿ ಬರುವಂತೆ ನಕ್ಕಿದ್ದಳು. ಆಗ ಅವಳು ಸಹಾಯಕಿ. ಮುಂದೆ ಸೊರಾನ್ ತೆಗೆದದ್ದಕ್ಕೆಲ್ಲ ಅವಳೇ ಕ್ಯಾಮೆರಾ ಹಿಡಿದಳು.

ಆದರೆ ಬೇರೆಯವರ ಬರಹಕ್ಕೆ ಮೂಗು ಮುರಿದಷ್ಟು ಸುಲಭವಾಗಿರಲಿಲ್ಲ ತಾನೇ ಬರೆಯುವುದು. ಚಳಿಗಾಲವಿಡೀ ಕೂತು ಮೊದಲ ಸ್ಕ್ರಿಪ್ಟು ಮುಗಿಸಿ ಓದಿ ನೋಡಿದರೆ, ಅವಳ ಹೆಂಗಸೂ ನದಿಯ ದಂಡೆಯಲ್ಲಿ ನಡೆಯುತ್ತಿದ್ದಳು! ಬಸ್ಸಿನ ಕಿಟಕಿಯಿಂದ ಹೊರಗೆ ನೋಡುತ್ತಿದ್ದಳು. ಅವಳಿಗೆ ಮೈಯೆಲ್ಲ ಉರಿದುಹೋಯಿತು. ಇಷ್ಟು ವರ್ಷ ಆ ನಿರ್ದೇಶಕರ ಎಂಜಲನ್ನೇ ಉಂಡು, ಕೊನೆಗೆ ಅದನ್ನೇ ಕಾರಿಕೊಂಡಿದ್ದಳು. ಅದನ್ನೂ ಸಿನಿಮಾ ಮಾಡಿದಳು, ಹಟ. ಯಾವ ಉತ್ಸವವೂ ಅದನ್ನು ತೆಗೆದುಕೊಳ್ಳಲಿಲ್ಲ. ಅದು ನ್ಯಾಯವಾದದ್ದೇ ಎಂದು ಅವಳಿಗೆ ಅನ್ನಿಸಿದ್ದು ಇನ್ನೂ ದೊಡ್ಡ ಅವಮಾನ.

ಎರಡನೆಯದು ಅಮ್ಮನ ಅಂಗಡಿಯಲ್ಲೇ ತೆಗೆದ ಚಿಕ್ಕ ಸಿನಿಮಾ. ಇಬ್ಬರು ಮುದುಕಿಯರು ಕಿಮ್ಚಿಗೆ ಉಪ್ಪು ಹೆಚ್ಚಾಯಿತೋ ಇಲ್ಲವೋ ಎಂದು ಜಗಳವಾಡುತ್ತ, ತೀರಿಹೋದ ಗಂಡಂದಿರನ್ನೆಲ್ಲ ಎಳೆದು ತರುತ್ತಾರೆ. ಅಷ್ಟೇ ಕಥೆ. ಅದರಲ್ಲಿ ಯಾರೂ ನಡೆಯಲಿಲ್ಲ, ಎಲ್ಲರೂ ಮಾತಾಡಿದರು, ಎಲ್ಲರೂ ಉಂಡರು. ಅದಕ್ಕೊಂದು ಸಣ್ಣ ಪ್ರಶಸ್ತಿ ಬಂತು. ಆ ಪ್ರಶಸ್ತಿಯ ಬಲದಿಂದ ದೊಡ್ಡ ಸಿನಿಮಾಕ್ಕೆ ಧನಸಹಾಯ ಕೇಳಿ ಹೋದಾಗ ಮೇಜಿನ ಆಚೆ ಕೂತಿದ್ದವರು ಅವಳ ಬೆನ್ನನ್ನು ಚೆನ್ನಾಗಿ ಬಲ್ಲ ಗಂಡಸರೇ. ಅವರಲ್ಲೊಬ್ಬ ಕನ್ನಡಕ ಒರೆಸಿಕೊಳ್ಳುತ್ತ, "ನಟಿಯಾಗಿ ಇಷ್ಟು ಹೆಸರು ಮಾಡಿದೀರಿ. ಯಾಕೆ ಈ ತಾಪತ್ರಯ ನಿಮಗೆ?" ಎಂದು ಕೇಳಿದ. ನೀವು ಬರೆದಿದ್ದನ್ನ ಓದಿ ಓದಿ ಸಾಕಾಗಿ, ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. "ಕಲಿಯೋ ಆಸೆ ಸರ್," ಎಂದು ತಲೆ ಬಾಗಿಸಿದಳು. ಲಿಫ್ಟಿನ ಕನ್ನಡಿಯಲ್ಲಿ ತನ್ನ ಮುಖ ನೋಡಿಕೊಳ್ಳಲಾಗದೆ ಗುಂಡಿಗಳನ್ನೇ ನೋಡುತ್ತ ಕೆಳಗಿಳಿದಳು. ಸಹಾಯ ಮಂಜೂರಾಯಿತು.

ಈ ಸಲದ ಕಥೆ ಹೀಗಿತ್ತು: ಹೆಂಡತಿ ಮಗಳನ್ನು ಬಿಟ್ಟು ಓಡಿಹೋದ ಒಬ್ಬ ಗಂಡಸು ಪೂರ್ವ ಕರಾವಳಿಯ ಊರೊಂದರಲ್ಲಿ ಹಳೇ ವಸತಿಗೃಹ ನೋಡಿಕೊಂಡಿದ್ದಾನೆ. ಬೆಳೆದ ಮಗಳು ಹುಡುಕಿಕೊಂಡು ಬಂದು, ಅಮ್ಮ ತೀರಿಹೋದಳೆಂದು ತಿಳಿಸುತ್ತಾಳೆ. ಮಗಳ ಪಾತ್ರ ಸೊರಾನಳದೇ.

"ಅಪ್ಪ ಯಾರು?" ಎಂದು ಕೇಳಿದಳು ಮಿರು.

"ಪ್ಯೋ ಕ್ವಾಂಗಿಲ್."

ಮಿರು ಚಹಾದ ಲೋಟ ಕೆಳಗಿಟ್ಟಳು. "ಅಕ್ಕಾ, ಅವನು ನಟ ಅಲ್ಲ."

"ಅಲ್ಲ. ಹಾಗಂತ ಬೇರೆ ಏನಾದ್ರೂ ಆಗಿ ಉಳಿದಿದಾನಾ?"

ಅದು ನಿಜವಾಗಿತ್ತು. ಪ್ಯೋನ ಕೊನೆಯ ಎರಡು ಸಿನಿಮಾಗಳನ್ನು ಅವನ ಸ್ನೇಹಿತರೂ ನೋಡಿರಲಿಲ್ಲ. ಪಾಠ ಹೇಳುತ್ತಿದ್ದ ಕಾಲೇಜು ಅವನನ್ನು ಮತ್ತೆ ಕರೆದಿರಲಿಲ್ಲ. ಉತ್ಸವಗಳ ಔತಣದಲ್ಲಿ ಅವನು ಈಗ ಬಾಗಿಲ ಹತ್ತಿರದ ಮೇಜಿನಲ್ಲಿ ಕೂರುತ್ತಿದ್ದ. ಹೊಸ ಹುಡುಗರು ಅವನಿಗೆ ಮರ್ಯಾದೆಗೆ ಎರಡೂ ಕೈಯಲ್ಲಿ ಸೋಜು ಬಗ್ಗಿಸಿ, ಕೂರದೆ ಬೇರೆ ಮೇಜಿಗೆ ಹೋಗಿಬಿಡುತ್ತಿದ್ದರು. ಸೊರಾನ್ ಫೋನ್ ಮಾಡಿದಾಗ, ಅವಳ ವಾಕ್ಯ ಮುಗಿಯುವ ಮೊದಲೇ "ಆಗಬಹುದು, ನೋಡೋಣ, ದಿನಾಂಕ ಹೇಳು" ಎಂದ. ಆ ಅವಸರ ಕೇಳಿ ಅವಳಿಗೆ ಬಾಯಲ್ಲಿ ಬೆಲ್ಲ ಇಟ್ಟಷ್ಟು ಸಂತೋಷವಾಯಿತು. ನಾಚಿಕೆಗೇಡಿನ ಸಂತೋಷವೆಂದು ಗೊತ್ತಿದ್ದೂ ಅವಳು ಅದನ್ನು ನಿಧಾನವಾಗಿ ಚಪ್ಪರಿಸಿದಳು.

ಮಾತಿಗೆಂದು ಕರೆದರೆ, ಬಂದವನು ಚೀಲದಿಂದ ಅವಳ ಸ್ಕ್ರಿಪ್ಟು ತೆಗೆದು ಮೇಜಿನ ಮೇಲೆ ಹರಡಿದ. ಪುಟದ ತುಂಬ ಕೆಂಪು ಪೆನ್ಸಿಲಿನ ಗೆರೆ.

"ಕೆಟ್ಟದಾಗೇನೂ ಬರೆದಿಲ್ಲ," ಎಂದ. "ಆದ್ರೆ ಮಾತು ಜಾಸ್ತಿ. ಇಲ್ಲಿ ನೋಡು, ಮಗಳು ಇಷ್ಟುದ್ದ ಬೈತಾಳೆ. ಬೇಡ. ಸುಮ್ನೆ ಅವನನ್ನ ನೋಡ್ಲಿ."

"ಮೌನವಾಗಿ?"

"ಹೂಂ, ಮೌನವಾಗಿ. ಅದ್ರಲ್ಲಿ ಇನ್ನೂ ಆಳ ಇರುತ್ತೆ. ನಾನೇ ಅಲ್ವಾ ನಿನ್ನನ್ನ ಬೆಳೆಸಿದ್ದು, ಅದಕ್ಕೇ ಹೇಳ್ತಿದೀನಿ."

"ಸರಿ, ನಿರ್ದೇಶಕರೇ. ಯೋಚನೆ ಮಾಡ್ತೀನಿ," ಎಂದು ಅವಳು ಪುಟಗಳನ್ನು ಜೋಡಿಸಿ ಎತ್ತಿಟ್ಟುಕೊಂಡಳು. ಮನೆಗೆ ಬಂದು ಮಗಳ ಬೈಗುಳವನ್ನು ಇನ್ನೂ ಅರ್ಧ ಪುಟ ಉದ್ದ ಮಾಡಿದಳು.

ಚಿತ್ರೀಕರಣಕ್ಕೆಂದು ಕರಾವಳಿಯ ಸಮ್‌ಚೊಕ್‌ನಲ್ಲಿ ಅವರು ಇಳಿದುಕೊಂಡಾಗ ಪ್ರವಾಸಿಗರ ಕಾಲ ಮುಗಿದಿತ್ತು. ಬಂದರಿನ ಹಗ್ಗಗಳ ಮೇಲೆ ಬೊಂಡಾಸ್ ಮೀನು ಬಟ್ಟೆಯಂತೆ ಒಣಗುತ್ತಿತ್ತು. ಗುಡ್ಡದ ಮೇಲಿನ ವಸತಿಗೃಹಕ್ಕೆ ಹೋಗಲು ಕಡಿದಾದ ಮೆಟ್ಟಿಲುಗಳು. ಮೊದಲ ದಿನವೇ ಸೊರಾನ್ ಪ್ಯೋನಿಗೆ ಗ್ಯಾಸ್ ಸಿಲಿಂಡರ್ ಹೊರಿಸಿ ಆ ಮೆಟ್ಟಿಲು ಹತ್ತಿಸಿದಳು. ಖಾಲಿ ಸಿಲಿಂಡರೇ, ಆದರೂ ಭಾರ. ಅವನು ಏದುಸಿರು ಬಿಡುತ್ತ ಮೇಲೆ ಬಂದ.

"ಇನ್ನೊಂದು ಸಲ," ಎಂದಳು.

ಇನ್ನೊಂದು ಸಲ ಬಂದ. ಮತ್ತೊಂದು ಸಲ ಬಂದ. ಯಾವಾಗ ಅವನು ಸಿಡಿದುಬೀಳುತ್ತಾನೆಂದು ಅವಳು ಕಾದಳು. ಸೆಟ್ಟಿನಲ್ಲಿ ಕುರ್ಚಿ ಒದೆಯುತ್ತಿದ್ದವನು, ದೀಪದವರನ್ನು ಕತ್ತೆಗಳೇ ಎನ್ನುತ್ತಿದ್ದವನು. ಅವನು ಬೆವರೊರೆಸಿಕೊಂಡು ಬಂದು ಅವಳೆದುರು ನಿಂತ. "ಡೈರೆಕ್ಟ್ರೇ, ಈ ಸಲ ಎಡಗಡೆಯಿಂದ ಬರ್ಲಾ? ಮಧ್ಯದಲ್ಲಿ ಒಂದು ಕಡೆ ಇಳಿಸಿ ಉಸಿರು ತಗೊಂಡ್ರೆ ಹೇಗೆ? ನಿಮಗೆ ಹೇಗನ್ಸುತ್ತೆ?"

ಡೈರೆಕ್ಟ್ರೇ, ನಿಮಗೆ. ಯಾರೂ ಹೇಳಿಕೊಟ್ಟಿರಲಿಲ್ಲ, ಅವನಾಗಿಯೇ ಬಹುವಚನಕ್ಕೆ ಬಂದಿದ್ದ. ತಂಡದವರ ಕಿವಿಗೆ ಬೀಳಲೆಂದು ಸೊರಾನ್ ಸ್ವಲ್ಪ ತಡಮಾಡಿ ಉತ್ತರ ಕೊಟ್ಟಳು. "ಹಾಗೇ ಮಾಡಿ. ಇನ್ನೊಂದು ಸಲ."

ಮಧ್ಯಾಹ್ನ ಒಣಮೀನಿನ ಸಾರು ಉಣ್ಣುವಾಗ ಮಿರು ಅವಳ ಪಕ್ಕಕ್ಕೆ ಬಂದು ಕೂತಳು. "ಅಕ್ಕಾ, ಎರಡನೇ ಟೇಕಲ್ಲೇ ಬಂದಿತ್ತು. ಆಮೇಲಿನದೆಲ್ಲ ಯಾರಿಗೋಸ್ಕರ?"

"ಸಿನಿಮಾಕ್ಕೋಸ್ಕರ."

"ಹೌದಾ? ನನ್ನ ಭುಜ ನೋಯ್ತಿದೆ. ಸಿನಿಮಾಕ್ಕೋಸ್ಕರ ಅಂದ್ರೆ ಪರವಾಗಿಲ್ಲ." ಮಿರು ಸಾರಿನ ಬಟ್ಟಲನ್ನು ಎತ್ತಿ ಕುಡಿದಳು. "ನಿನಗೆ ಗೊತ್ತಾ, ಅವನು ಚೆನ್ನಾಗಿ ಮಾಡ್ತಿದಾನೆ."

ಅದೇ ಅವಳಿಗೆ ಸಹಿಸಲಾಗದ್ದು. ಅವನು ಅಲ್ಲಿ ಮೂಲೆಯಲ್ಲಿ ಒಬ್ಬನೇ ಕೂತು, ಬಟ್ಟಲಿನ ತಳ ಕಾಣುವ ಹಾಗೆ ಉಣ್ಣುತ್ತ, ಆಗಾಗ ಇತ್ತ ನೋಡುತ್ತಿದ್ದ. ಚೆನ್ನಾಗಿತ್ತಾ, ಎಂದು ಕಣ್ಣಲ್ಲೇ ಕೇಳುತ್ತಿದ್ದ. ಆ ನೋಟದ ಪರಿಚಯ ಸೊರಾನಳಿಗಿತ್ತು. ವರ್ಷಗಟ್ಟಲೆ ಅದನ್ನು ಅವಳೇ ಮುಖದ ಮೇಲೆ ಹೊತ್ತು ಓಡಾಡಿದ್ದಳು, ಇದೇ ಮನುಷ್ಯನ ಹಿಂದೆ. ಅದು ಹೊರಗಿನಿಂದ ಇಷ್ಟು ಬಡಪಾಯಿಯಾಗಿ ಕಾಣುತ್ತದೆಂದು ಮಾತ್ರ ಗೊತ್ತಿರಲಿಲ್ಲ. ಅವಳು ಬೆನ್ನು ತಿರುಗಿಸಿ ಕೂತಳು.

ಅಳುವ ದೃಶ್ಯವನ್ನು ಪ್ಯೋನ ಚಿತ್ರೀಕರಣದ ಕೊನೆಯ ದಿನಕ್ಕೆ ಇಟ್ಟುಕೊಂಡಿದ್ದರು. ವಸತಿಗೃಹದ ಮುಂಗೋಣೆ, ಕೆಳಗಿನಿಂದ ಕಾಯಿಸುವ ನೆಲದ ಬಿಸಿಗೆ ಕಂದಿದ ಹಾಸು, ಗೋಡೆಯಲ್ಲಿ ಮೀನುಗಾರರ ಸಂಘದ ಕ್ಯಾಲೆಂಡರು, ಕಿಟಕಿಯಲ್ಲಿ ಸಮುದ್ರದ ಒಂದು ತುಂಡು. ಮಧ್ಯಾಹ್ನದ ಬೆಳಕು ಹದವಾಗಿತ್ತು. ಸೊರಾನ್ ಮಗಳ ಕಪ್ಪು ಕೋಟು ತೊಟ್ಟು ಅವನೆದುರು ಕೂತಳು. ಅವಳ ಭುಜದ ಹಿಂದೆ ಮಿರುವಿನ ಕ್ಯಾಮೆರಾ.

"ಅಮ್ಮ ಹೋದ್ಲು," ಎಂದಳು. "ಹೋದ ತಿಂಗಳು."

ಪ್ಯೋ ಎರಡೂ ಕೈಯಿಂದ ಮುಖ ಮುಚ್ಚಿಕೊಂಡು ಭುಜ ಕುಣಿಸಿದ. ಶವಯಾತ್ರೆಗೆ ಬಾಡಿಗೆಗೆ ಕರೆಸಿದವರ ಹಾಗೆ ಹೋ ಎಂದ. ಬೆಳಕಿನ ಹುಡುಗನೊಬ್ಬ ಕೆಮ್ಮಿ ನಗು ನುಂಗಿದ. ಸೊರಾನಳಿಗೆ ಒಳಗೊಳಗೇ ಹಾಯೆನಿಸಿತು. ಅಂತೂ ಬಯಲಾಯಿತು ಬಂಡವಾಳ.

"ಇನ್ನೊಂದು ಸಲ."

ಈ ಸಲ ಅವನು ಭುಜ ಕುಣಿಸಲಿಲ್ಲ, ಬದಲಿಗೆ ತುಟಿ ಕಚ್ಚಿದ. ಮುಂದಿನ ಸಲ ಕಣ್ಣು ಮಿಟುಕಿಸದೆ ನೆಲ ನೋಡಿದ. ಕಣ್ಣು ಒಣಗಿ ಕೆಂಪಾಯಿತೇ ವಿನಾ ನೀರಾಡಲಿಲ್ಲ. ಮೇಕಪ್ಪಿನವಳು ಕಣ್ಣಲ್ಲಿ ನೀರು ಬರಿಸುವ ಮುಲಾಮು ತಂದಾಗ ಕೈ ಅಡ್ಡ ಹಿಡಿದ. "ಅದೆಲ್ಲ ಟೀವಿಯವರಿಗೆ." ಆ ಗತ್ತು ನೋಡಿ ಸೊರಾನಳಿಗೆ ನಗು ಬಂತು. ಬೆಳಕು ಕಿಟಕಿಯಿಂದ ಜಾರತೊಡಗಿತ್ತು.

ಕೊನೆಗೆ ಅವನೇ ಹೇಳಿದ, "ಎಲ್ರೂ ಒಂದ್ನಿಮಿಷ ಹೊರಗೆ ಇರ್ತೀರಾ?"

ಸೊರಾನ್ ತಲೆಯಾಡಿಸಿದಳು. ತಂಡದವರು ಚಪ್ಪಲಿ ಮೆಟ್ಟಿಕೊಂಡು ಅಂಗಳಕ್ಕೆ ಹೋದರು. ಮಿರು ಮಾತ್ರ ಕ್ಯಾಮೆರಾ ಬಿಟ್ಟು ಏಳಲಿಲ್ಲ. ಪ್ಯೋ ಅವಳನ್ನು ಗಮನಿಸಲೂ ಇಲ್ಲ. ಕ್ಯಾಮೆರಾ ಹಿಂದಿನವರನ್ನು ಅವನು ಯಾವತ್ತೂ ಗಮನಿಸಿದವನಲ್ಲ.

"ಸೊರಾನ್," ಎಂದ. ಬಹುವಚನ ಜಾರಿಹೋಗಿತ್ತು. "ನನಗೊಂದು ಸುಳ್ಳು ಹೇಳು."

"ಏನು?"

"ಅವತ್ತು ನಾನು ನಿನಗೆ ಹೇಳಿದ್ನಲ್ಲ, ಅಂಥದ್ದು. ಯಾರಿಗೋ ಏನೋ ಆಯ್ತು, ಫೋನ್ ಬಂತು ಅಂತ. ನೀನು ಹೇಳಿದ್ರೆ ನಂಬ್ತೀನಿ. ನಿಜವಾಗ್ಲೂ ನಂಬ್ತೀನಿ. ಹಾಗಾದ್ರೆ ಬರುತ್ತೆ."

ಈ ಮನುಷ್ಯನ ಮುಖದ ಮೇಲೆ ಎಸೆಯಬೇಕೆಂದು ಅವಳು ಎಷ್ಟೋ ಮಾತುಗಳನ್ನು ಮಸೆದಿಟ್ಟುಕೊಂಡಿದ್ದಳು. ಮಗಳ ಬೈಗುಳದ ನೆವದಲ್ಲಿ ಅದರಲ್ಲಿ ಕೆಲವನ್ನು ಎಸೆದೂ ಆಗಿತ್ತು. ಆದರೆ ಅವನಾಗಿಯೇ ಬಂದು ಕುತ್ತಿಗೆ ಒಡ್ಡಿ, ಕಡಿ ಎನ್ನುತ್ತಾನೆಂದು ಎಣಿಸಿರಲಿಲ್ಲ. ಅದೂ ಒಂದು ಷಾಟಿಗಾಗಿ! ಹೇಸಿಗೆಯಾಯಿತು ಅವಳಿಗೆ. ಅದರ ಜೊತೆಗೇ ಅವಳ ಕೈ ತೊಡೆಯ ಮೇಲಿಂದ ಸ್ವಲ್ಪ ಎದ್ದು, ತೋರುಬೆರಳು ಒಮ್ಮೆ ಸುತ್ತು ಬರೆಯಿತು: ಕ್ಯಾಮೆರಾ ಓಡಿಸು. ಬೆನ್ನ ಹಿಂದೆ ಮಿರು ಒಂದು ಕ್ಷಣ ತಡೆದಳು. ಆಮೇಲೆ ಗುಂಡಿ ಒತ್ತಿದ ಸಣ್ಣ ಸದ್ದು ಕೇಳಿತು.

"ಯಾರಿಗೆ ಏನಾಯ್ತು ಅಂತ ಹೇಳ್ಲಿ?" ಎಂದು ಕೇಳಿದಳು ಸೊರಾನ್.

"ಯಾರಿಗಾದ್ರೂ. ಅಮ್ಮನಿಗೆ..." ಎಂದವನು ತಾನೇ ನಿಲ್ಲಿಸಿದ.

"ನಿಮ್ಮಮ್ಮ ತೀರಿಕೊಂಡಾಗ ನಾವೆಲ್ಲ ಬಂದಿದ್ವಿ. ನೀವು ಉತ್ಸವದ ತೀರ್ಪುಗಾರರನ್ನ ಬೈತಾ ಕೂತಿದ್ರಿ."

"ಹೌದು. ಹೌದಲ್ವಾ." ಅವನಿಗೆ ಅವಮಾನವಾದ ಹಾಗೆ ಕಾಣಲಿಲ್ಲ. ಬೇರೆ ಯಾರಿದ್ದಾರೆಂದು ಹುಡುಕುವುದರಲ್ಲಿ ಮುಳುಗಿದ್ದ.

"ಹೆಂಡತಿ?"

"ಅವಳು ಬಿಟ್ಟು ಹೋಗಿ... ಬೇಡ. ಅವಳಿಗೆ ಏನಾದ್ರೂ ಆಯ್ತು ಅಂದ್ರೆ ನನಗೆ ಕೋಪ ಬರುತ್ತೆ, ಅಳು ಬರಲ್ಲ."

"ಮಗಳು?"

ಅವನು ತಲೆಯೆತ್ತಿದ. "ಹೂಂ. ಮಗಳು." ಬಾಯಲ್ಲಿ ಆ ಹುಡುಗಿಯ ಹೆಸರನ್ನು ಮೆಲ್ಲಗೆ ಹೇಳಿಕೊಂಡ. ಕಾದ. ಅವಳ ಹೆಸರನ್ನು ಇನ್ನೊಮ್ಮೆ ಹೇಳಿಕೊಂಡ, ಮೊದಲ ಸಲ ಸರಿಯಾಗಿ ಹೇಳಲಿಲ್ಲವೇನೋ ಎಂಬಂತೆ. "ಅವಳು ಚಿಕ್ಕೋಳಿದ್ದಾಗ್ಲೇ ಅವರಮ್ಮನ ಜೊತೆ ಕೆನಡಾಕ್ಕೆ ಹೋದ್ಲು. ಈಗ ದೊಡ್ಡೋಳಾಗಿರ್ತಾಳೆ. ದನಿ ಹೇಗಿದೆಯೋ ಗೊತ್ತಿಲ್ಲ ನನಗೆ. ಅವಳಿಗೆ ಏನೋ ಆಯ್ತು ಅಂತ ನೀನು ಹೇಳಿದ್ರೆ... ಯಾರ ಮುಖ ನೆನಪು ಮಾಡ್ಕೊಳ್ಳಿ?"

ಅವನ ಕಣ್ಣು ಕೋಣೆಯ ಮೂಲೆಯಿಂದ ಮೂಲೆಗೆ ಹೋಯಿತು, ಬೀದಿಯಲ್ಲಿ ನಿಂತು ಜೇಬುಗಳನ್ನೆಲ್ಲ ತಡಕಿ ಮನೆಯ ಕೀಲಿ ಹುಡುಕುವವನ ಹಾಗೆ. ಒಂದು ಜೇಬು, ಇನ್ನೊಂದು ಜೇಬು, ಮತ್ತೆ ಮೊದಲಿನದು. ತುಟಿ ಅಲುಗಾಡಿತು, ಯಾವುದೋ ಹೆಸರು ಬಂದು ಹಿಂದಕ್ಕೆ ಹೋಯಿತು. ಆಮೇಲೆ ಅವನು ಅವಳನ್ನು ನೋಡಿ, ತಪ್ಪು ಮಾಡಿ ಸಿಕ್ಕಿಬಿದ್ದ ಮಗುವಿನಂತೆ ಸಣ್ಣಗೆ ನಕ್ಕ. "ಯಾರನ್ನ ಹೇಳೋದು ಅಂತಾನೇ ಹೊಳೀತಿಲ್ವಲ್ಲ."

ನಗು ಮುಖದಲ್ಲಿ ಹಾಗೇ ಉಳಿಯಿತು. ಅದನ್ನು ತೆಗೆಯಬೇಕೆಂಬುದು ಅವನಿಗೆ ಮರೆತುಹೋಗಿತ್ತು. ಕಣ್ಣು ಮಾತ್ರ ಇನ್ನೂ ಹುಡುಕುತ್ತಿತ್ತು. ಅಂಗಳದಲ್ಲಿ ಯಾರೋ ಚಪ್ಪಲಿ ಎಳೆದುಕೊಂಡು ನಡೆದರು, ದೂರದಲ್ಲಿ ದೋಣಿಯ ಎಂಜಿನ್ನು ಕೆಮ್ಮಿತು.

"ಕಟ್," ಎಂದಳು ಸೊರಾನ್. ತನ್ನ ದನಿ ಅವಳಿಗೇ ಅಪರಿಚಿತವೆನಿಸಿತು.

ಪ್ಯೋ ಮೊದಲು ಅವಳನ್ನು, ಆಮೇಲೆ ಅವಳ ಭುಜದಾಚೆ ನೋಡಿದ. "ಓಡ್ತಿತ್ತಾ?"

ಮಿರು ಕಣ್ಣು ತಗ್ಗಿಸಿದಳು. ಸೊರಾನ್, "ಓಡ್ತಿತ್ತು," ಎಂದಳು.

ಅವನು ಬಯ್ಯಲಿ ಎಂದು ಅವಳು ಕಾದಳು. ಬಯ್ದರೆ ಹೇಳಲು ಅವಳಲ್ಲಿ ಬೇಕಾದಷ್ಟು ಮಾತಿತ್ತು. ಅವನು ಮಂಡಿ ಊರಿ ಎದ್ದು, ಜೇಬಿನಿಂದ ಓದುವ ಕನ್ನಡಕ ತೆಗೆದು ಹಾಕಿಕೊಂಡು ಮಿರುವಿನ ಹತ್ತಿರ ಬಂದ. "ತೋರ್ಸು."

ಮಿರು ಸೊರಾನಳ ಮುಖ ನೋಡಿದಳು, ಆಮೇಲೆ ತೋರಿಸಿದಳು. ಅಂಗೈಯಗಲದ ಪರದೆಯ ಮೇಲೆ ಒಬ್ಬ ಮುದುಕ ಯಾರಿಗಾಗಿ ಅಳಬೇಕೆಂದು ಹುಡುಕುತ್ತಿದ್ದ. ಇವನು ಬೆನ್ನು ಬಾಗಿಸಿ, ಬಾಯಿ ಸ್ವಲ್ಪ ತೆರೆದು, ಕೊನೆಯವರೆಗೂ ನೋಡಿದ. ಮತ್ತೆ ಹಾಕು ಎಂದ. ಮತ್ತೆ ನೋಡಿದ.

"ಬೇಡ ಅಂದ್ರೆ ಅಳಿಸಿಬಿಡ್ತೀನಿ," ಎಂದಳು ಸೊರಾನ್. ಹೇಳುತ್ತಿರುವಾಗಲೇ ಅದು ಸುಳ್ಳೆಂದು ಅವಳಿಗೆ ಗೊತ್ತಿತ್ತು.

"ತಲೆ ಕೆಟ್ಟಿದೆಯಾ ನಿನಗೆ?" ಅವನು ತಿರುಗಲಿಲ್ಲ. ಪರದೆಯ ಮೇಲೆ ನಿಂತ ತನ್ನ ಮುಖದ ಹತ್ತಿರ ಬೆರಳು ತಂದು, ಗಾಜಿಗೆ ತಾಗಿಸದೆ, ತೋರಿಸಿದ. "ಇಲ್ಲಿ ನೋಡು. ಬೇಗ ಕಟ್ ಹೇಳ್ಬಿಟ್ಟೆ. ಇನ್ನೂ ಸ್ವಲ್ಪ ಬಿಡಬೇಕಿತ್ತು. ಬಿಟ್ಟಿದ್ರೆ ಬರ್ತಿತ್ತು."

"ಏನು ಬರ್ತಿತ್ತು? ಅಳುವಾ?"

"ಗೊತ್ತಿಲ್ಲ. ಏನೋ ಬರ್ತಿತ್ತು." ಅವನು ಕನ್ನಡಕ ತೆಗೆದು ಮಡಿಸಿದ. "ಹೆದರಿಕೊಂಡೆ ನೀನು. ಅಲ್ಲಿ ಹೆದರಬಾರದು."

ಹೊರಗೆ ಹೋಗುವಾಗ ಬಾಗಿಲಲ್ಲಿ ನಿಂತು, ನೆನಪಾದವನಂತೆ ಅವಳಿಗೆ ತಲೆ ಬಾಗಿಸಿ, "ಬಹಳ ಶ್ರಮ ತಗೊಂಡ್ರಿ, ಡೈರೆಕ್ಟ್ರೇ," ಎಂದ. ಅಂಗಳದಲ್ಲಿ ತಂಡದವರು ಅವನ ಕೆಲಸ ಮುಗಿಯಿತೆಂದು ಚಪ್ಪಾಳೆ ತಟ್ಟುವುದು ಕೇಳಿಸಿತು. ಅವನು ಪ್ರತಿಯೊಬ್ಬರಿಗೂ ಬಾಗಿ ವಂದಿಸುತ್ತಿದ್ದ, ಬೆಳಕಿನ ಹುಡುಗನಿಗೂ.

ಮಿರು ಕ್ಯಾಮೆರಾದ ಕಾಲುಗಳನ್ನು ಒಂದೊಂದಾಗಿ ಮಡಚಿದಳು. ಕೊನೆಗೆ, "ಅವನು ಹೇಳಿದ್ದು ಸರಿ ಅಲ್ವಾ ಅಕ್ಕಾ?" ಎಂದಳು.

"ಯಾವುದು?"

"ಬೇಗ ಕಟ್ ಹೇಳಿದ್ದು."

ಸೊರಾನ್ ಕೋಟಿನ ಗುಂಡಿಗಳನ್ನು ಬಿಚ್ಚಿದಳು. ಆ ಮನುಷ್ಯನನ್ನು ತುಚ್ಛವಾಗಿ ಕಾಣಲು ಅವಳಿಗೆ ಈಗಲೂ ಯಾವ ಅಡ್ಡಿಯೂ ಇರಲಿಲ್ಲ. ಹೆತ್ತ ಮಗಳ ದನಿ ತಿಳಿಯದವನು, ತನ್ನ ಬರಿದುತನವನ್ನೇ ಪರದೆಯ ಮೇಲೆ ನೋಡಿ, ಷಾಟ್ ಚಿಕ್ಕದಾಯಿತೆಂದು ಕೊರಗುವವನು. ಆದರೆ ಅವನು ಬೆರಳಿಟ್ಟು ತೋರಿಸಿದ್ದು ಸರಿಯಾದ ಜಾಗವೇ. ಅವಳು ಕಟ್ ಹೇಳಿದ್ದು ಅವನ ಮೇಲಿನ ಕನಿಕರದಿಂದಲ್ಲ. ಆ ನಗು ಉಳಿದುಹೋದ ಮುಖವನ್ನು ಇನ್ನೊಂದು ಗಳಿಗೆ ನೋಡಿದ್ದರೆ ತಾನೇ ಅತ್ತುಬಿಡುತ್ತಿದ್ದಳು. ಅದಕ್ಕೆ.

"ಸರಿ," ಎಂದಳು. "ಹಾಳಾದವನು."

"ಮತ್ತೆ ತೆಗೆಯೋಣ್ವಾ? ಬೆಳಕು ಇನ್ನೂ ಇದೆ."

"ಅದು ಮತ್ತೆ ಬರಲ್ಲ ಮಿರು."

ವಸ್ತ್ರಗಳನ್ನು ನೋಡಿಕೊಳ್ಳುವವಳು ಒಳಗೆ ಇಣುಕಿ ಗೊಣಗಿದಳು. "ಅಕ್ಕಾ, ಆ ಪ್ಯೋ ಅವರು ಪಾತ್ರದ ಸ್ವೆಟರಲ್ಲೇ ಹೊರಟು ಹೋದ್ರು. ಓಡಿ ಹೋಗಿ ಇಸ್ಕೊಂಡ್ ಬರ್ಲಾ?"

"ಬಿಡು," ಎಂದಳು ಸೊರಾನ್. "ಗಾಳಿ ಇದೆ."

ಕಿಟಕಿಯಿಂದ ಕೆಳಗಿನ ರಸ್ತೆ ಕಾಣುತ್ತಿತ್ತು. ಪ್ಯೋ ಚೀಲ ಹೆಗಲಿಗೇರಿಸಿ ಮೆಟ್ಟಿಲಿಳಿದು, ಬೊಂಡಾಸ್ ಒಣಗುವ ಹಗ್ಗಗಳ ಕೆಳಗೆ ತಲೆ ತಗ್ಗಿಸಿ ದಾಟಿ, ಬಸ್ ನಿಲ್ದಾಣದಲ್ಲಿ ನಿಂತ. ಜೇಬಿನಿಂದ ಸಿಗರೇಟು ತೆಗೆದ. ಸಮುದ್ರದ ಗಾಳಿಗೆ ಲೈಟರು ಹತ್ತಲಿಲ್ಲ. ಬೆನ್ನು ತಿರುಗಿಸಿ ನಿಂತು ಪ್ರಯತ್ನಿಸಿದ, ಸ್ವೆಟರಿನ ಅಂಚನ್ನು ಮರೆ ಹಿಡಿದು ಪ್ರಯತ್ನಿಸಿದ. ಊರಿನ ಬಸ್ಸೊಂದು ಬಂದು, ಬಾಗಿಲು ತೆರೆದು, ಅವನಿಗಾಗಿ ಸ್ವಲ್ಪ ನಿಂತು, ಹೊರಟುಹೋಯಿತು. ಅವನು ತಲೆಯೆತ್ತಲಿಲ್ಲ. ಒಳಗೆ ಮಿರು ಏನೋ ಕೇಳುತ್ತಿದ್ದಳು. ಸೊರಾನ್ ಕೈಯೆತ್ತಿ, ತಾಳು ಎಂದು ಸನ್ನೆ ಮಾಡಿ, ಅವನ ಬೊಗಸೆಯೊಳಗೆ ಆ ಸಣ್ಣ ಕಿಡಿ ಹತ್ತುವವರೆಗೂ ಕಿಟಕಿಯಲ್ಲೇ ನಿಂತಿದ್ದಳು.